ಮೆಜೆಸ್ಟಿಕ್‌ನ ಮನೆಮಾತುಗಳು

ಧರ್ಮಾಂಬುಧಿ ಕೆರೆಯಿದ್ದ ಜಾಗದಲ್ಲಿ ಈಗ ಬಸ್ಸುಗಳು ನಿಲ್ಲುತ್ತವೆ. ಬೆಳಗಿನ ಐದು ಗಂಟೆಗೆ ಕಲಬುರಗಿ, ಕುಂದಾಪುರ, ಕೊಳ್ಳೇಗಾಲದ ಬಸ್ಸುಗಳಿಂದ ಇಳಿದವರು ಒಂದೇ ಟೀ ಅಂಗಡಿಯ ಮುಂದೆ ನಿಂತರೆ ಅಲ್ಲಿ ಮೂರು ಬಗೆಯ ಕನ್ನಡ ಕೇಳಿಸುತ್ತದೆ. ಪಕ್ಕದಲ್ಲೇ ತಿರುಪತಿಯಿಂದ ಬಂದವರ ತೆಲುಗು, ಹೊಸೂರಿನವರ ತಮಿಳು, ಆಟೋದವರ ದಖನಿ, ರೈಲ್ವೆ ಸ್ಟೇಷನ್ ಕಡೆಯಿಂದ ಗಂಟು ಹೊತ್ತು ಬರುವ ಹುಡುಗರ ಭೋಜಪುರಿ, ಒಡಿಯಾ. 2011ರ ಜನಗಣತಿಯ ಪ್ರಕಾರ ಬೆಂಗಳೂರು ನಗರ ಜಿಲ್ಲೆಯಲ್ಲಿ ಕನ್ನಡ ಮನೆಮಾತಾಗಿರುವವರು ಅರ್ಧಕ್ಕಿಂತ ಕಡಿಮೆ. ತಮಿಳು, ತೆಲುಗು, ಉರ್ದು ಪ್ರತಿಯೊಂದೂ ಹತ್ತನೇ ಒಂದು ಪಾಲನ್ನು ಮೀರಿವೆ.

ಈ ಅಂಕಿಯನ್ನು ಎಲ್ಲರೂ ಆತಂಕದಿಂದಲೇ ಹೇಳುತ್ತಾರೆ. ಆತಂಕಕ್ಕೆ ಕಾರಣವಿದೆ. ಆದರೆ ಈ ಊರಿನಲ್ಲಿ ಕನ್ನಡ ಬದುಕಿದ್ದು, ಬೆಳೆದದ್ದು ಮನೆಯಲ್ಲಿ ಕನ್ನಡ ಆಡುವವರಿಂದ ಮಾತ್ರವೇ ಎಂದು ಈ ಅಂಕಿಯನ್ನು ಓದಿದರೆ ನಾಲ್ಕು ಶತಮಾನಗಳ ಚರಿತ್ರೆಯನ್ನೇ ಬದಿಗಿಟ್ಟಂತಾಗುತ್ತದೆ. ಪೇಟೆಯ ಕನ್ನಡವನ್ನು ಎತ್ತಿ ಹಿಡಿದವರಲ್ಲಿ ದೊಡ್ಡ ಪಾಲು ಬೇರೆ ಮನೆಮಾತಿನವರದು. ಅವರು ಕನ್ನಡಕ್ಕೆ ಬರುತ್ತಿದ್ದ ದಾರಿ ಈಗ ಎಲ್ಲಿ ಕಿರಿದಾಗುತ್ತಿದೆ ಎನ್ನುವುದೇ ನನ್ನ ಚಿಂತೆ.

ಮೆಜೆಸ್ಟಿಕ್‌ನಿಂದ ಪೂರ್ವಕ್ಕೆ ಹತ್ತು ನಿಮಿಷ ನಡೆದರೆ 1537ರಲ್ಲಿ ಕೆಂಪೇಗೌಡ ಕಟ್ಟಿಸಿದ ಪೇಟೆ. ಬಳೇಪೇಟೆ, ಅಕ್ಕಿಪೇಟೆ, ಅರಳೇಪೇಟೆ, ಗಾಣಿಗರಪೇಟೆ, ಕುಂಬಾರಪೇಟೆ, ತಿಗಳರಪೇಟೆ: ಕಸುಬಿಗೊಂದು ಬೀದಿ. ಕಸುಬಿನ ಜೊತೆಗೆ ಹಲವು ಬೀದಿಗಳಿಗೆ ಮನೆಮಾತೂ ಬೇರೆಯಾಯಿತು. ಕಬ್ಬನ್‌ಪೇಟೆಯ ಮಗ್ಗದ ಮನೆಗಳಲ್ಲಿ ಕನ್ನಡದ ದೇವಾಂಗರ ಜೊತೆ ತೆಲುಗಿನ ದೇವಾಂಗರೂ ಇದ್ದರು. ತಿಗಳರು ತೋಟಗಾರರು. ಅವರ ಮನೆಯ ಮಾತು ತಮಿಳಿನ ಬೇರಿನದು, ಕನ್ನಡ ಮತ್ತು ತೆಲುಗು ಅದರಲ್ಲಿ ಬೇರ್ಪಡಿಸಲಾಗದಂತೆ ಬೆರೆತಿವೆ. ಮದರಾಸಿನ ತಮಿಳರಿಗೆ ಅದು ಪೂರ್ತಿ ತಿಳಿಯುವುದೂ ಕಷ್ಟ. ಆ ಮಾತಿಗೆ ಲಿಪಿಯಿಲ್ಲ, ಶಾಲೆಯಿಲ್ಲ, ಪುಸ್ತಕವಿಲ್ಲ. ಆದರೆ ಚೈತ್ರದ ಹುಣ್ಣಿಮೆಯ ರಾತ್ರಿ ಧರ್ಮರಾಯನ ಗುಡಿಯಿಂದ ಹೊರಡುವ ಕರಗ ಬೆಂಗಳೂರಿನ ಹಬ್ಬವಾಗಿದೆ. ಹೊತ್ತವರು ತಿಗಳರು, ನೋಡಲು ಬರುವುದು ಇಡೀ ಊರು. ಆ ಕರಗ ಅರಳೇಪೇಟೆಯ ತವಕ್ಕಲ್ ಮಸ್ತಾನ್ ದರ್ಗಾಕ್ಕೂ ಹೋಗಿ ಬರುತ್ತದೆ. ಅಲ್ಲಿ ಬರಮಾಡಿಕೊಳ್ಳುವವರ ಮನೆಮಾತು ದಖನಿ.

ಆಳಿದವರೂ ಹೀಗೆಯೇ. 1638ರಲ್ಲಿ ಬಿಜಾಪುರದ ರಣದುಲ್ಲಾ ಖಾನ್ ಬೆಂಗಳೂರನ್ನು ಗೆದ್ದ ಮೇಲೆ ಇದು ಶಹಾಜಿ ಭೋಂಸ್ಲೆಯ ಜಹಗೀರಾಯಿತು. ಅವನ ಆಸ್ಥಾನದಲ್ಲಿದ್ದ ಕವಿ ಜಯರಾಮ ಪಿಂಡ್ಯೆ ‘ರಾಧಾಮಾಧವವಿಲಾಸ ಚಂಪೂ’ ಬರೆದ. ಸಂಸ್ಕೃತದ ಆ ಕೃತಿಯ ಕೊನೆಯಲ್ಲಿ ಹಲವು ದೇಶಭಾಷೆಗಳ ಪದ್ಯಗಳು ಬರುತ್ತವೆ. ಶಹಾಜಿಯ ಮಗ ಏಕೋಜಿ 1669ರಲ್ಲಿ ಮಲ್ಲೇಶ್ವರದ ಕಾಡು ಮಲ್ಲಿಕಾರ್ಜುನನಿಗೆ ಮೇದರನಿಂಗನಹಳ್ಳಿಯನ್ನು ದತ್ತಿ ಬಿಟ್ಟ. ಮರಾಠಿ ಮಾತಿನ ದೊರೆ ಆ ದತ್ತಿಯನ್ನು ಬಂಡೆಯ ಮೇಲೆ ಕನ್ನಡದಲ್ಲಿ ಕೊರೆಸಿದ. ಅದನ್ನು ಓದಿ ಪಾಲಿಸಬೇಕಾದವರು ಇಲ್ಲಿಯ ಜನ, ಅವರ ವ್ಯವಹಾರ ನಡೆಯುತ್ತಿದ್ದದ್ದು ಕನ್ನಡದಲ್ಲಿ.

ಇದಕ್ಕಿಂತ ನನಗೆ ಹೆಚ್ಚು ಇಷ್ಟವಾದ ಉದಾಹರಣೆ ಸಿನಿಮಾದ್ದು. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ 1934ರ ಮಾರ್ಚ್‌ನಲ್ಲಿ ಬೆಂಗಳೂರಿನಲ್ಲಿ ತೆರೆಕಂಡಿತು. ಹಣ ಹಾಕಿದವರು ಚಮನ್‌ಲಾಲ್ ಡೂಂಗಾಜಿ, ಪೇಟೆಯ ಮಾರ್ವಾಡಿ ವ್ಯಾಪಾರಿ. ನಿರ್ದೇಶಕ ವೈ.ವಿ. ರಾವ್, ತೆಲುಗಿನವರು. ಚಿತ್ರೀಕರಣ ನಡೆದದ್ದು ಮರಾಠಿ ನೆಲದ ಕೊಲ್ಹಾಪುರದ ಸ್ಟುಡಿಯೋದಲ್ಲಿ. ಮಾತು, ಹಾಡು ಬರೆದವರು ಬೆಳ್ಳಾವೆ ನರಹರಿಶಾಸ್ತ್ರಿಗಳು. ಪಾತ್ರ ವಹಿಸಿದವರು ಸುಬ್ಬಯ್ಯ ನಾಯ್ಡು, ತ್ರಿಪುರಾಂಬ, ಆರ್. ನಾಗೇಂದ್ರರಾಯರು. ಕನ್ನಡ ತೆರೆಯ ಮೇಲೆ ಮೊದಲ ಸಲ ಮಾತಾಡಲು ಇಷ್ಟು ಮನೆಮಾತಿನವರ ಕೈ ಬೇಕಾಯಿತು.

ಬರಹದಲ್ಲೂ ಅದೇ ಕಥೆ. ಗವಿಪುರದಲ್ಲಿ ಬಾಳಿದ ಮಾಸ್ತಿ ವೆಂಕಟೇಶ ಅಯ್ಯಂಗಾರ್ಯರ ಮನೆಮಾತು ತಮಿಳು. ಜಿ.ಪಿ. ರಾಜರತ್ನಂ, ಪು.ತಿ.ನ., ಕೈಲಾಸಂ ಅವರ ಮನೆಗಳದೂ ತಮಿಳೇ. ‘ನಿತ್ಯೋತ್ಸವ’ದ ನಿಸಾರ್ ಅಹಮದ್ ದೇವನಹಳ್ಳಿಯ ಉರ್ದು ಮನೆಯಿಂದ ಬಂದವರು. ಇವರನ್ನು ತೆಗೆದುಬಿಟ್ಟರೆ ಇಪ್ಪತ್ತನೇ ಶತಮಾನದ ಹಳೇ ಮೈಸೂರಿನ ಕನ್ನಡ ಸಾಹಿತ್ಯ ಎಷ್ಟು ಬಡವಾಗುತ್ತದೆ ಎಂದು ಲೆಕ್ಕ ಹಾಕಿ ನೋಡಿ. ಇನ್ನೂ ಒಬ್ಬರನ್ನು ಇಲ್ಲಿ ನೆನೆಯಬೇಕು. ಮರಾಠಿ ಮನೆಮಾತಿನ ಶಿವಾಜಿರಾವ್ ಗಾಯಕವಾಡ್ ಬಿ.ಟಿ.ಎಸ್.ನಲ್ಲಿ ಕಂಡಕ್ಟರಾಗಿ ಶ್ರೀನಗರ–ಮೆಜೆಸ್ಟಿಕ್ ನಡುವೆ ಕನ್ನಡದಲ್ಲಿ ಟಿಕೆಟ್ ಕೊಟ್ಟವರು. ಆಮೇಲೆ ರಜನಿಕಾಂತ್ ಆಗಿ ತಮಿಳಿನ ಮನೆಮಾತಾದರು.

ಇದೆಲ್ಲ ಬರೀ ಔದಾರ್ಯದಿಂದ ಆದದ್ದಲ್ಲ. ಚಿಕ್ಕಪೇಟೆಯ ಬಟ್ಟೆ ಅಂಗಡಿಗೆ ಮದುವೆ ಸೀರೆ ಕೊಳ್ಳಲು ಬರುತ್ತಿದ್ದವರು ಮಾಗಡಿ, ಕುಣಿಗಲ್, ಕನಕಪುರ, ದೊಡ್ಡಬಳ್ಳಾಪುರದವರು. ರಾಗಿ ಮಾರಿದ ದುಡ್ಡು ಅವರ ಕೈಯಲ್ಲಿತ್ತು, ಅವರ ಭಾಷೆ ಕನ್ನಡ. ರಾಜಸ್ಥಾನದಿಂದ ಬಂದ ಸೇಠು ಗದ್ದಿಗೆಯ ಮೇಲೆ ಕೂತು ‘ಬನ್ನಿ ಅಕ್ಕಾ, ಕೂತ್ಕೊಳ್ಳಿ, ಎಂಥಾ ಬಾರ್ಡರ್ ತೋರಿಸ್ಲಿ?’ ಎನ್ನಲು ಕಲಿತ. ಮಗನಿಗೂ ಕಲಿಸಿದ. ಒಳಮನೆಯಲ್ಲಿ ಮಾರ್ವಾಡಿ, ಲೆಕ್ಕದ ಪುಸ್ತಕದಲ್ಲಿ ಅವರದೇ ಬರಹ, ಹೊರಗೆ ಗಿರಾಕಿಯ ಭಾಷೆ. ಅವೆನ್ಯೂ ರಸ್ತೆಯ ಪುಸ್ತಕದ ಅಂಗಡಿಯಲ್ಲಿ ಉರ್ದು ಮನೆಮಾತಿನವರು ಕನ್ನಡ ಗೈಡುಗಳ ಹೆಸರನ್ನು ಬಾಯಿಪಾಠ ಹೇಳುತ್ತಾರೆ. ಯಾವ ಕಾಯಿದೆಯೂ ಅವರಿಗೆ ಹೇಳಿಕೊಡಲಿಲ್ಲ.

ಆ ವ್ಯವಸ್ಥೆಯಲ್ಲಿ ಈಗ ಎರಡು ಕಡೆ ಬಿರುಕು ಬಿಟ್ಟಿದೆ. ಊರಿನ ಗಿರಾಕಿ ತನ್ನ ತಾಲ್ಲೂಕಿನ ಕೇಂದ್ರದಲ್ಲೇ ಸೀರೆ ಕೊಳ್ಳುತ್ತಾನೆ, ಇಲ್ಲವೇ ಮೊಬೈಲಿನಲ್ಲಿ ತರಿಸಿಕೊಳ್ಳುತ್ತಾನೆ. ಹೋಲ್‌ಸೇಲ್ ವ್ಯಾಪಾರದ ಮಾತುಕತೆ ಸೂರತ್, ದೆಹಲಿಯವರ ಜೊತೆ ಫೋನಿನಲ್ಲಿ, ಹಿಂದಿಯಲ್ಲಿ. ಇತ್ತ ಅಂಗಡಿಯ ಹುಡುಗರು, ಲಾಡ್ಜಿನ ರೂಮ್ ಬಾಯ್‌ಗಳು, ದರ್ಶಿನಿಯ ಕ್ಲೀನರ್‌ಗಳು ಬಿಹಾರ, ಒಡಿಶಾ, ಬಂಗಾಳ, ಅಸ್ಸಾಮಿನಿಂದ ಬರುತ್ತಿದ್ದಾರೆ. ಹನ್ನೆರಡು ಗಂಟೆ ದುಡಿದು ಆರೇಳು ಜನ ಒಂದೇ ಕೋಣೆಯಲ್ಲಿ ಮಲಗುವ ಆ ಹುಡುಗರಿಗೆ ಕನ್ನಡ ಕಲಿಸುವವರು ಯಾರು? ಕನ್ನಡದ ಗಿರಾಕಿಯೇ ಅವರ ಮುಂದೆ ಹರಕು ಹಿಂದಿಗೆ ಇಳಿಯುತ್ತಾನೆ. ಹಿಂದೆ ಮಂಗಳೂರಿನ ಕಡೆಯವರು ಇಲ್ಲಿ ನಡೆಸುವ ಹೋಟೆಲುಗಳಿಗೆ ತುಳು, ಕೊಂಕಣಿಯ ಹುಡುಗರು ಸಪ್ಲೈಯರ್ ಆಗಿ ಬಂದು ಬೆಂಗಳೂರು ಕನ್ನಡ ಕಲಿತದ್ದು ಕೆಲಸದ ಜಾಗದಲ್ಲೇ. ಇವತ್ತಿನ ಹುಡುಗ ಕಲಿಯದೆ ಉಳಿದರೆ ತಪ್ಪು ಅವನೊಬ್ಬನದೇ ಎನ್ನಲು ನನಗೆ ಮನಸ್ಸಿಲ್ಲ.

ಹೋರಾಟಗಳು ನಡೆದಿವೆ, ನಡೆಯಲೇಬೇಕಿತ್ತು. 1962ರಲ್ಲಿ ಚಾಮರಾಜಪೇಟೆಯ ರಾಮೋತ್ಸವದಲ್ಲಿ ಕನ್ನಡದ ಸಂಗೀತಗಾರರಿಗೆ ಜಾಗ ಬೇಕೆಂದು ಅ.ನ.ಕೃ. ಬೀದಿಗಿಳಿದರು. ಅದೇ ಕಾಲದಲ್ಲಿ ಕೆ.ಜಿ. ರಸ್ತೆ, ಗಾಂಧಿನಗರದ ಚಿತ್ರಮಂದಿರಗಳಲ್ಲಿ ಕನ್ನಡ ಚಿತ್ರಕ್ಕೆ ತೆರೆ ಸಿಗುವುದೇ ಕಷ್ಟವಾಗಿತ್ತು; ಮ. ರಾಮಮೂರ್ತಿ ಮತ್ತು ಅವರ ಗೆಳೆಯರ ಚಳವಳಿ ಇಲ್ಲದಿದ್ದರೆ ಮೆಜೆಸ್ಟಿಕ್ ಕನ್ನಡ ಸಿನಿಮಾದ ತವರಾಗುತ್ತಿರಲಿಲ್ಲ. 2017ರಲ್ಲಿ ಮೆಟ್ರೋ ನಿಲ್ದಾಣಗಳ ಹಿಂದಿ ಫಲಕಗಳ ವಿರುದ್ಧ ಎದ್ದ ಕೂಗೂ ನ್ಯಾಯವಾದದ್ದೇ. ಆದರೆ 1994ರ ಅಕ್ಟೋಬರ್ ಬೇರೆ. ದೂರದರ್ಶನದಲ್ಲಿ ಹತ್ತು ನಿಮಿಷದ ಉರ್ದು ವಾರ್ತೆ ಬಂತೆಂದು ಹೊತ್ತಿದ ಬೆಂಕಿಯಲ್ಲಿ ಜನ ಸತ್ತರು. ಮೇಲಿನಿಂದ ಹೇರುವ ಭಾಷೆಯ ಮೇಲಿನ ಸಿಟ್ಟನ್ನು ಪಕ್ಕದ ಮನೆಯ ಭಾಷೆಯ ಮೇಲೆ ತೀರಿಸಿಕೊಂಡದ್ದು ಕನ್ನಡ ಚಳವಳಿಗೆ ಅಂಟಿದ ಕಲೆ.

ನಾಡಿನ ಬಹುಮತದ ಒಂದು ಭಾಷೆ, ಅದರ ಸುತ್ತ ಹಲವು ಸಣ್ಣ ಭಾಷೆಗಳು ಎಂಬ ಈ ಸ್ಥಿತಿ ಯೂರೋಪಿನ ರೊಮೇನಿಯಾಕ್ಕೂ ಗೊತ್ತು. ಉಳಿದಿರುವ ರೊಮೇನಿಯನ್ ಬರಹಗಳಲ್ಲಿ ಅತಿ ಹಳೆಯದೆಂದು ಕಾಲ ನಿಶ್ಚಿತವಾಗಿ ಹೇಳಬಹುದಾದದ್ದು 1521ರ ಒಂದು ಪತ್ರ, ನಮ್ಮ ಪೇಟೆ ಕಟ್ಟುವುದಕ್ಕಿಂತ ಹದಿನಾರು ವರ್ಷ ಹಿಂದಿನದು. ಕಿಂಪುಲುಂಗ್ ಎಂಬ ಊರಿನ ನ್ಯಾಕ್ಷು ಎಂಬಾತ ಅದನ್ನು ಬ್ರಾಶೋವ್ ನಗರದ ಮುಖ್ಯಸ್ಥನಿಗೆ ಬರೆದ. ತುರ್ಕರ ಸೈನ್ಯ ಬರುತ್ತಿದೆ, ಎಚ್ಚರವಾಗಿರಿ ಎಂಬ ಸುದ್ದಿ. ಪತ್ರದ ಆರಂಭ ಮತ್ತು ಮುಕ್ತಾಯ ಅಂದಿನ ರೂಢಿಯಂತೆ ಸ್ಲಾವೊನಿಕ್‌ನಲ್ಲಿ, ಒಡಲಿನ ಸುದ್ದಿ ರೊಮೇನಿಯನ್‌ನಲ್ಲಿ, ಓದಬೇಕಾದವನ ಮನೆಮಾತು ಜರ್ಮನ್. ರೊಮೇನಿಯನ್ ಭಾಷೆಯ ಈ ಹಳೆಯ ಬರಹ ಹುಟ್ಟಿದ್ದೇ ಪರಭಾಷೆಯ ನೆರೆಯವನಿಗೆ ತುರ್ತು ಸುದ್ದಿ ಮುಟ್ಟಿಸಲು. ಅದನ್ನು ಓದಿಕೊಳ್ಳಬಲ್ಲವರು ಆ ಜರ್ಮನ್ ಊರಿನಲ್ಲಿ ಇದ್ದರು.

ಇಂದಿನ ರೊಮೇನಿಯಾದ ಸಂವಿಧಾನ ರೊಮೇನಿಯನ್ ಒಂದನ್ನೇ ರಾಜ್ಯಭಾಷೆ ಎನ್ನುತ್ತದೆ. ಅದರ ಜೊತೆಗೇ 2001ರ ಸ್ಥಳೀಯ ಆಡಳಿತದ ಕಾನೂನು, ಒಂದು ಊರಿನಲ್ಲಿ ಶೇ 20ಕ್ಕಿಂತ ಹೆಚ್ಚು ಜನ ಅಲ್ಪಸಂಖ್ಯಾತ ಸಮುದಾಯದವರಿದ್ದರೆ ಊರಿನ ಫಲಕ, ಕಚೇರಿಯ ವ್ಯವಹಾರಗಳಲ್ಲಿ ಅವರ ಭಾಷೆಗೂ ಜಾಗ ಕೊಟ್ಟಿತು. ಟ್ರಾನ್ಸಿಲ್ವೇನಿಯಾದ ಹಂಗೇರಿಯನ್ನರಿಗೆ ಅದರಿಂದ ಪ್ರಯೋಜನವಾಗಿದೆ. ಆದರೆ ಬ್ರಾಶೋವ್‌ನ ಜರ್ಮನ್ ಮಾತಿನವರಲ್ಲಿ ಹೆಚ್ಚಿನವರು 1989ರ ಕ್ರಾಂತಿಯ ಬಳಿಕ ಜರ್ಮನಿಗೆ ಹೊರಟುಹೋದರು. ಅವರು ಕಟ್ಟಿದ ಚರ್ಚುಗಳಿವೆ, ಮಾತಾಡುವವರು ಕೆಲವೇ ಮಂದಿ. ಇನ್ನು ಅಲ್ಲಿನ ರೋಮಾ ಜನ ಊರೂರಿಗೆ ಹಂಚಿಹೋಗಿರುವುದರಿಂದ ಶೇ 20ರ ಗೆರೆ ಅವರಿಗೆ ಒದಗುವುದು ಅಪರೂಪ. ಅವರ ರೋಮಾನಿ ಭಾಷೆ ಭಾರತದಿಂದ ಹೋದದ್ದು, ಹಿಂದಿ, ಗುಜರಾತಿಗಳ ದೂರದ ನಂಟು. ಬನ್ನೇರುಘಟ್ಟದ ಹಕ್ಕಿಪಿಕ್ಕಿ ಜನರ ವಾಗ್ರಿಯೂ ಅದೇ ಕುಲದ ಮಾತು.

ನಮ್ಮಲ್ಲೂ ಇಂಥ ಗೆರೆಗಳಿವೆ. 1956ರಲ್ಲಿ ಸಂವಿಧಾನಕ್ಕೆ ಸೇರಿದ 350ಎ, 350ಬಿ ವಿಧಿಗಳು ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಮಾತೃಭಾಷೆಯ ಪ್ರಾಥಮಿಕ ಶಿಕ್ಷಣ ಮತ್ತು ಒಬ್ಬ ವಿಶೇಷ ಅಧಿಕಾರಿಯನ್ನು ಹೇಳುತ್ತವೆ. ತಮಿಳು, ತೆಲುಗು, ಉರ್ದು, ಮರಾಠಿಗೆ ಇವು ಎಟುಕುತ್ತವೆ. ತಿಗಳರ ಮಾತಿಗಾಗಲಿ, ವಾಗ್ರಿಗಾಗಲಿ ಯಾವ ಶೇಕಡಾವಾರೂ ಎಟುಕುವುದಿಲ್ಲ. ಜನಗಣತಿಯ ಕಾಗದದಲ್ಲಿ ತಿಗಳರ ಅಜ್ಜಿಯ ಮಾತು ತಮಿಳೆಂದೋ ಕನ್ನಡವೆಂದೋ ಸೇರಿಹೋಗುತ್ತದೆ. 2014ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಕಲಿಕಾ ಮಾಧ್ಯಮದ ಆಯ್ಕೆಯನ್ನು ಪೋಷಕರಿಗೆ ಬಿಟ್ಟ ಮೇಲೆ ಇಂಗ್ಲಿಷಿನ ಕಡೆಗಿನ ಓಟಕ್ಕೆ ತಡೆಯೇ ಉಳಿಯಲಿಲ್ಲ. ಪೇಟೆಯಲ್ಲಿ ಕನ್ನಡ ಮಾಧ್ಯಮದ ಕೊಠಡಿ ಖಾಲಿಯಾದ ಹಾಗೆಯೇ ತಮಿಳು ಮಾಧ್ಯಮದ ಕೊಠಡಿಯೂ ಖಾಲಿಯಾಯಿತು. ಕನ್ನಡವೂ ಈ ಸಣ್ಣ ಮಾತುಗಳೂ ಸೋಲುತ್ತಿರುವುದು ಒಂದೇ ಕಡೆ. ಇವು ಒಂದನ್ನೊಂದು ತಿನ್ನುತ್ತಿವೆ ಎಂದು ಕಾದಾಡುವುದರಲ್ಲಿ ಅರ್ಥವಿಲ್ಲ.

ಇದನ್ನು ಒಪ್ಪಲು ಕಷ್ಟವೆನಿಸಿದರೆ ಮೆಜೆಸ್ಟಿಕ್‌ನಿಂದ ಹೊರಡುವ ಕಾಸರಗೋಡಿನ ಬಸ್ಸನ್ನು ನೋಡಬೇಕು. 1956ರಲ್ಲಿ ಕೇರಳಕ್ಕೆ ಸೇರಿದ ಆ ಊರಿನಲ್ಲಿ ಕನ್ನಡ ಅಲ್ಪಸಂಖ್ಯಾತರ ಭಾಷೆ. ಚಂದ್ರಗಿರಿ ಹೊಳೆಯ ಉತ್ತರದ ಭಾಗ ಕರ್ನಾಟಕಕ್ಕೆ ಸೇರಬೇಕೆಂದು 1967ರಲ್ಲಿ ಮಹಾಜನ ಆಯೋಗ ಹೇಳಿದ್ದು ಕಾಗದದಲ್ಲೇ ಉಳಿಯಿತು. ಅಲ್ಲಿ ಕನ್ನಡಕ್ಕಾಗಿ ಜೀವಮಾನವಿಡೀ ಹೋರಾಡಿದ ಕಯ್ಯಾರ ಕಿಞ್ಞಣ್ಣ ರೈಗಳ ಮನೆಮಾತು ತುಳು. ಕನ್ನಡ ಶಾಲೆಗೆ ಕನ್ನಡ ಬಲ್ಲ ಮೇಷ್ಟ್ರನ್ನು ಕೊಡಿ, ಸರ್ಕಾರಿ ಅರ್ಜಿಯನ್ನು ಕನ್ನಡದಲ್ಲೂ ಅಚ್ಚು ಹಾಕಿ ಎಂದು ಅಲ್ಲಿನ ಕನ್ನಡಿಗರು ಇಂದಿಗೂ ಕೇಳುತ್ತಿದ್ದಾರೆ. ತಾಳವಾಡಿ, ಸೊಲ್ಲಾಪುರ, ಆದವಾನಿಯ ಕನ್ನಡಿಗರ ಬೇಡಿಕೆಯೂ ಇಂಥದೇ. ಅಲ್ಲಿ ನಾವು ಕೇಳುವುದನ್ನು ಇಲ್ಲಿ ಕೊಡಲು ಹಿಂಜರಿದರೆ ನಮ್ಮ ಕೇಳಿಕೆಗೆ ಬಲ ಎಲ್ಲಿಂದ ಬರಬೇಕು?

ಶೇ 60ರಷ್ಟು ಕನ್ನಡ ಇರಬೇಕೆಂಬ ನಿಯಮದಿಂದ ಚಿಕ್ಕಪೇಟೆಯ ಫಲಕಗಳು ಈಗ ಬದಲಾಗಿವೆ. ಅದು ಬೇಕಿತ್ತು. ಫಲಕದ ಕೆಳಗೆ ನಿಂತ ಹುಡುಗನ ಬಾಯಿಗೆ ಕನ್ನಡ ಬರುವುದು ಬೇರೆ ಕೆಲಸ. ಕನ್ನಡ ಅಭಿವೃದ್ಧಿ ಪ್ರಾಧಿಕಾರ ಕನ್ನಡೇತರರಿಗಾಗಿ ಕಲಿಕಾ ಕೇಂದ್ರಗಳನ್ನು ನಡೆಸುತ್ತದೆ. ಅಂಥದ್ದೊಂದು ಕೇಂದ್ರ ಮೆಜೆಸ್ಟಿಕ್ ಬಸ್ ನಿಲ್ದಾಣದಲ್ಲೇ, ಲಾಡ್ಜು–ಹೋಟೆಲುಗಳ ಪಾಳಿ ಮುಗಿಯುವ ರಾತ್ರಿ ಹತ್ತರ ಹೊತ್ತಿಗೆ ತೆರೆದಿರಬೇಕು. ಪಾಠ ಅಕ್ಷರಮಾಲೆಯಿಂದ ಬೇಡ, ‘ಎಷ್ಟು ಕೊಡ್ಲಿ’, ‘ರೂಮು ಖಾಲಿ ಇದೆ’, ‘ಸಂಬಳ ಯಾವಾಗ ಕೊಡ್ತೀರಿ’ ಎನ್ನುವಲ್ಲಿಂದ ಶುರುವಾಗಲಿ. ಕಲಿತವನಿಗೆ ಮಾಲೀಕರು ತಿಂಗಳಿಗೆ ಸ್ವಲ್ಪ ಹೆಚ್ಚು ಸಂಬಳ ಕೊಡುವಂತೆ ಅಂಗಡಿ, ಹೋಟೆಲು ಮಾಲೀಕರ ಸಂಘಗಳನ್ನು ಒಪ್ಪಿಸಬಹುದು.

ಇನ್ನೊಂದು ಕೆಲಸಕ್ಕೆ ಹಣ ಕಡಿಮೆ ಸಾಕು, ಸಮಯ ಮಾತ್ರ ಕಡಿಮೆಯಿದೆ. ತಿಗಳರಪೇಟೆಯ ಎಪ್ಪತ್ತು ದಾಟಿದ ಹೆಂಗಸರು ಹೂ ಕಟ್ಟುತ್ತಾ ಆಡುವ ಮಾತನ್ನು, ತೋಟದ ಗಿಡಗಳಿಗೆ ಅವರು ಇಟ್ಟ ಹೆಸರುಗಳನ್ನು, ಸೋಬಾನೆಗಳನ್ನು ದಾಖಲಿಸಬೇಕು. ಮೊಮ್ಮಕ್ಕಳು ಕನ್ನಡದಲ್ಲಿ ಉತ್ತರ ಕೊಡುತ್ತಾರೆ, ಅವರ ಮಕ್ಕಳು ಇಂಗ್ಲಿಷಿನಲ್ಲಿ. ಬೆಂಗಳೂರಿನ ಯಾವುದಾದರೂ ಕನ್ನಡ ವಿಭಾಗ ತನ್ನ ಇಬ್ಬರು ವಿದ್ಯಾರ್ಥಿಗಳನ್ನು ಒಂದು ವರ್ಷ ಆ ಬೀದಿಗೆ ಕಳಿಸಿದರೆ ಸಾಕು. ಬರೆದುಕೊಳ್ಳಲು ಹೊಸ ಲಿಪಿ ಬೇಕಿಲ್ಲ, ಕನ್ನಡ ಲಿಪಿಯೇ ಇದೆ.