ಹಕ್ಕಿಗೂ ಒಂದು ಪಕಡ್

ಡೋಣಿಯಿಂದ ಕಪ್ಪತಗುಡ್ಡದ ಕಪ್ಪತಮಲ್ಲೇಶ್ವರನ ಗುಡಿಯ ದಾರಿ ಹಿಡಿದು ನಸುಕಿನಲ್ಲೇ ಹೊರಟಿದ್ದೆವು. ಫೆಬ್ರುವರಿಯ ಕೊನೆಯ ವಾರ. ಮುತ್ತಲದ ಗಿಡಗಳು ಎಲೆ ಉದುರಿಸಿ, ಮೈತುಂಬ ಕೆಂಡದಂಥ ಹೂ ಹೊತ್ತು ನಿಂತಿದ್ದವು. ನನ್ನ ಜೊತೆಗಿದ್ದವರು ಗದಗಿನಲ್ಲಿ ಮಕ್ಕಳಿಗೆ ಸಂಗೀತ ಹೇಳಿಕೊಡುವ ಗೆಳೆಯರು. ಹುಟ್ಟಿನಿಂದ ಕಣ್ಣು ಕಾಣುವುದಿಲ್ಲ. ನಾನು ಅವರನ್ನು ಗವಾಯಿಗಳೆ ಅನ್ನುತ್ತೇನೆ, ಅವರು ನನ್ನನ್ನು ಮಾಸ್ತರ ಅನ್ನುತ್ತಾರೆ.

ಒಂದು ತಿರುವಿನಲ್ಲಿ ಕಾಜಾಣದ ಒರಟು ಕೂಗು ಕೇಳಿತು. ಪುಸ್ತಕದಲ್ಲಿ ಬರೆದುಕೊಂಡೆ. ಅದರ ಬೆನ್ನಿಗೇ ಪಿಕಳಾರದ ಗುಳುಗುಳು ದನಿ, ಆಮೇಲೆ ಶಿಕ್ರಾ ಗಿಡುಗದ ಚೂಪು ಕೂಗು. ಮೂರು ಹೆಸರು ಬರೆದಾಯಿತು. ಗವಾಯಿಗಳು ಕೋಲನ್ನು ನೆಲಕ್ಕೆ ಊರಿ, ತಲೆ ತುಸು ವಾರೆ ಮಾಡಿ ನಿಂತೇ ಇದ್ದರು.

“ಮಾಸ್ತರ, ಮೂರು ಅಲ್ರಿ. ಒಂದಽ ಹಕ್ಕಿ ಐತಿ.”

“ಹೆಂಗಂತೀರಿ?”

“ಮೂರೂ ದನಿ ಒಂದಽ ಟೊಂಗಿಯಿಂದ ಬರಾಕತ್ತಾವು. ನಡುವ ಉಸಿರು ತಗೊಳ್ಳೋ ಅಳತೀನೂ ಒಂದಽ ಐತಿ. ಬ್ಯಾರೇ ಬ್ಯಾರೇಯವ್ರ ಹಾಡು ಹಾಡ್ತದ, ಆದ್ರ ಗಂಟಲು ಒಂದಽ.”

ದುರ್ಬೀನು ಎತ್ತಿ ಎಲೆಗಳನ್ನು ಒಂದೊಂದಾಗಿ ಹುಡುಕಿದೆ. ಹಸಿರೊಳಗೆ ಹಸಿರಾಗಿ ಕೂತಿದ್ದದ್ದು ಎಲೆಹಕ್ಕಿ. ಎಲೆಯ ಬಣ್ಣದ ಮೈ, ಗಂಡಿಗೆ ಕಪ್ಪು ಗಂಟಲು, ಅದರ ಮೇಲೆ ಎಳೆದ ಒಂದು ಗೆರೆ ನೀಲಿ ಮೀಸೆ. ನೆರೆಹೊರೆಯ ಹಕ್ಕಿಗಳ ಕೂಗನ್ನು ಅನುಕರಿಸುವುದರಲ್ಲಿ ಇದು ಪಳಗಿದ ಹಕ್ಕಿ. ನಾನು ಬರೆದುಕೊಂಡ ಮೂರೂ ಹೆಸರುಗಳನ್ನು ಹೊಡೆದುಹಾಕಿದೆ.

ಹಿಂದುಸ್ತಾನಿ ಸಂಗೀತದವರು ಪಕಡ್ ಅನ್ನುವ ಮಾತು ಬಳಸುತ್ತಾರೆ. ಒಂದು ರಾಗ ಪೂರ್ತಿ ಬಿಚ್ಚಿಕೊಳ್ಳುವ ಮೊದಲೇ, ನಾಲ್ಕೈದು ಸ್ವರಗಳ ಒಂದು ತಿರುವಿನಲ್ಲಿ ಇದು ಇಂಥದೇ ರಾಗ ಎಂದು ಹಿಡಿಯಲು ಸಿಗುವ ಗುರುತು ಅದು. ಪಂಚಾಕ್ಷರಿ ಗವಾಯಿಗಳು ಕಟ್ಟಿದ ವೀರೇಶ್ವರ ಪುಣ್ಯಾಶ್ರಮದ ಊರಿನಲ್ಲಿ ಈ ಮಾತಿಗೆ ವಿವರಣೆ ಬೇಕಿಲ್ಲ. ಅವರಿಗೂ, ಅವರ ನಂತರ ಆಶ್ರಮ ನಡೆಸಿದ ಪುಟ್ಟರಾಜ ಗವಾಯಿಗಳಿಗೂ ಕಣ್ಣು ಕಾಣುತ್ತಿರಲಿಲ್ಲ. ಕಿವಿಯೊಂದನ್ನೇ ನಂಬಿ ವಿದ್ಯೆ ಕಲಿತ ನೂರಾರು ಮಕ್ಕಳನ್ನು ಕಂಡ ಊರು ಗದಗು. ಕಾಡಿನ ಬಣ್ಣದ ಹಕ್ಕಿಗಳನ್ನು ಗುರುತಿಸಲು ಹೊರಟವರಿಗೂ ಮೊದಲು ಬೇಕಾದದ್ದು ಆ ಕಿವಿಯೇ ಎಂದು ಅವತ್ತಿನಿಂದ ನಂಬಿದ್ದೇನೆ.

ಬಣ್ಣವನ್ನು ನೆಚ್ಚಿಕೊಂಡವರು ಮೊದಲು ಸೋಲುವುದು ಹೊನ್ನಕ್ಕಿಯ ಹತ್ತಿರ. ಚಿತ್ರದಲ್ಲಿ ನೋಡಿದರೆ ಇದಕ್ಕಿಂತ ಸುಲಭದ ಹಕ್ಕಿ ಇಲ್ಲ: ಅರಿಸಿನದಲ್ಲಿ ಅದ್ದಿ ತೆಗೆದಂಥ ಮೈ, ಕಪ್ಪು ರೆಕ್ಕೆ, ನಸುಗೆಂಪು ಕೊಕ್ಕು, ಕಣ್ಣಿಗೆ ಕಾಡಿಗೆ ಹಚ್ಚಿ ಹಿಂದಕ್ಕೆ ಎಳೆದಂಥ ಕರಿ ಪಟ್ಟಿ. ಗಾತ್ರದಲ್ಲಿ ಗೊರವಂಕದಷ್ಟಿದೆ. ಆದರೆ ಬಿಸಿಲು ಬಿದ್ದ ಬೇವಿನ ಗಿಡದಲ್ಲಿ ಅದು ಕೂತರೆ ಇಲ್ಲವಾಗಿಬಿಡುತ್ತದೆ. ಎಳೆ ಎಲೆಯನ್ನು ತೂರಿ ಬರುವ ಬೆಳಕು ಹಳದಿಗೆ ತಿರುಗಿರುತ್ತದೆ, ನೆರಳು ಕಪ್ಪಾಗಿರುತ್ತದೆ. ಹಕ್ಕಿಯ ಮೈಮೇಲೂ ಅವೇ ಎರಡು ಬಣ್ಣ. ಕರಿ ರೆಕ್ಕೆಯೂ ಕಣ್ಣಪಟ್ಟಿಯೂ ಹಕ್ಕಿಯ ಆಕಾರವನ್ನು ತುಂಡು ತುಂಡು ಮಾಡಿ ತೋರಿಸುವುದರಿಂದ ನಮ್ಮ ಕಣ್ಣು ಅದನ್ನು ಒಂದು ಹಕ್ಕಿಯಾಗಿ ಕೂಡಿಸಿಕೊಳ್ಳಲಾರದು. ಹೆಣ್ಣಿನದು ಮತ್ತು ಎಳೆಯ ಹಕ್ಕಿಯದು ಬೇರೆಯೇ ವೇಷ: ಹಸಿರು ಬೆರೆತ ಹಳದಿ ಬೆನ್ನು, ಎದೆಯ ಮೇಲೆ ಸಣ್ಣ ಸಣ್ಣ ಗೀರು. ಅದೇ ಹಕ್ಕಿ ಬಾಯಿ ಬಿಟ್ಟರೆ ಕೊಳಲಿಗೆ ನೀರು ಹನಿಸಿ ಊದಿದಂತೆ ದುಂಡಗಿನ “ಪೀ-ಲೋ-ಲೋ” ಹೊರಡುತ್ತದೆ. ಸಿಟ್ಟು ಬಂದಾಗ ಬೆಕ್ಕು ಚೀರಿದಂಥ ಒರಟು ದನಿಯೂ ಉಂಟು. ಕೊಳಲಿನ ದನಿ ಒಮ್ಮೆ ಕಿವಿಗೆ ಬಿದ್ದರೆ ಬದುಕಿಡೀ ಮರೆಯುವುದಿಲ್ಲ.

ಈ ಹಳದಿ ಎಲ್ಲಿಂದ ಬಂತು? ಹಕ್ಕಿಯ ಮೈ ಅದನ್ನು ತಾನೇ ತಯಾರಿಸಲಾರದು. ಗಜ್ಜರಿಗೆ ಬಣ್ಣ ಕೊಡುವ ಕೆರೋಟಿನಾಯ್ಡ್ ಎಂಬ ವಸ್ತುಗಳನ್ನು ಗಿಡಗಳು ಮಾಡುತ್ತವೆ. ಎಲೆ ತಿಂದ ಕಂಬಳಿಹುಳದಿಂದ, ಆಲ, ಬಸರಿಯ ಹಣ್ಣಿನಿಂದ ಅದು ಹಕ್ಕಿಯ ಹೊಟ್ಟೆ ಸೇರಿ, ರಕ್ತದಲ್ಲಿ ಹರಿದು, ಗರಿ ಮೂಡುವ ಹೊತ್ತಿನಲ್ಲಿ ಅದರೊಳಗೆ ಇಳಿಯುತ್ತದೆ. ಕಪ್ಪು ಬಣ್ಣ ಮಾತ್ರ ಮೆಲನಿನ್, ನಮ್ಮ ಕೂದಲಿನದೇ. ಅದನ್ನು ಹಕ್ಕಿ ತಾನೇ ಮಾಡಿಕೊಳ್ಳುತ್ತದೆ. ಇನ್ನು ನೀಲಿಯದು ಬೇರೆಯೇ ಕತೆ. ಹಾಡುಹಕ್ಕಿಗಳ ಗರಿಯಲ್ಲಿ ನೀಲಿ ಬಣ್ಣದ ವಸ್ತುವೇ ಇಲ್ಲ. ಗರಿಯ ಎಳೆಯೊಳಗಿನ ಸ್ಪಂಜಿನಂಥ ಅತಿಸೂಕ್ಷ್ಮ ರಚನೆ ಬೆಳಕಿನ ನೀಲಿ ಭಾಗವನ್ನಷ್ಟೇ ನಮ್ಮ ಕಡೆ ಚದುರಿಸುತ್ತದೆ. ನೀಲಿ ಗರಿಯನ್ನು ಕಲ್ಲಿನ ಮೇಲಿಟ್ಟು ಅರೆದರೆ ನೀಲಿ ಹೋಗಿ ಮಣ್ಣುಬಣ್ಣ ಉಳಿಯುತ್ತದೆ. ಕಪ್ಪತಗುಡ್ಡದ ಹಳ್ಳಗಳ ನೆರಳಲ್ಲಿ ಕೂತ ನೀಲಿ ನೊಣಹಿಡುಕ ಒಮ್ಮೆ ಬೂದಿಯಂತೆ, ಮರುಗಳಿಗೆ ಆಕಾಶದಂತೆ ಕಾಣುವುದಕ್ಕೆ ಬೆಳಕೇ ಕಾರಣ.

ಸೂರಕ್ಕಿಯ ಮಿರುಗೂ ಬೆಳಕಿನ ಆಟವೇ. ಮುತ್ತಲದ ಹೂವಿಗೆ ತಲೆಕೆಳಗಾಗಿ ಜೋತುಬಿದ್ದು ಮಕರಂದ ಹೀರುವ ಗಂಡು ಸೂರಕ್ಕಿ ದೂರಕ್ಕೆ ಬರೀ ಕಪ್ಪು. ಬಿಸಿಲು ತಕ್ಕ ಕೋನದಲ್ಲಿ ಬಿದ್ದ ಕ್ಷಣಕ್ಕೆ ನೇರಳೆ, ಹಸಿರು, ನೀಲಿ ಒಟ್ಟಿಗೇ ಹೊಳೆಯುತ್ತವೆ. ಸಂತಾನದ ಕಾಲ ಮುಗಿದ ಮೇಲೆ ಇದೇ ಗಂಡು ಆ ಹೊಳಪಿನ ಅಂಗಿ ಕಳಚಿ ಹೆಣ್ಣಿನಂತೆ ಮಾಸಲು ಹಳದಿಯಾಗುತ್ತದೆ. ಗಂಟಲಿಂದ ಹೊಟ್ಟೆಯತ್ತ ಇಳಿಯುವ ಒಂದು ಕಪ್ಪು ಗೆರೆ ಮಾತ್ರ ಉಳಿದಿರುತ್ತದೆ. ಒಂದೇ ಹಕ್ಕಿಯನ್ನು ಎರಡು ಜಾತಿ ಎಂದು ಬರೆದುಕೊಂಡು ಬರುವ ಹುಡುಗರನ್ನು ನಾನು ಪ್ರತಿ ವರ್ಷ ನೋಡುತ್ತೇನೆ. ಅದರ “ಚೀವೀಟ್” ಮಾತ್ರ ಯಾವ ಅಂಗಿ ತೊಟ್ಟಾಗಲೂ ಅದೇ.

ಲಕ್ಷ್ಮೇಶ್ವರದ ಕಡೆಯ ಎರೆಹೊಲಗಳಲ್ಲಿ ಇನ್ನೊಂದು ಬಗೆಯ ವಿಸ್ಮಯ ಇದೆ. ಹಿಂಗಾರಿ ಜೋಳ ಹಾಲುಗಾಳಾಗುವ ಹೊತ್ತಿಗೆ ಪಶ್ಚಿಮ ಏಷ್ಯಾ, ಆಗ್ನೇಯ ಯುರೋಪಿನ ಕಡೆಯಿಂದ ಕರಿತಲೆಯ ಬಂಟಿಂಗ್ ಹಕ್ಕಿಗಳು ಹಿಂಡುಹಿಂಡಾಗಿ ಬರುತ್ತವೆ. ಆಗ ಗಂಡಿನ ತಲೆ ಅಷ್ಟು ಕಪ್ಪಾಗಿ ಕಾಣುವುದಿಲ್ಲ. ಹೊಸ ಗರಿಗಳ ತುದಿಯಲ್ಲಿ ಮಣ್ಣುಬಣ್ಣದ ಅಂಚು ಇರುತ್ತದೆ, ಒಳಗಿನ ಬಣ್ಣವನ್ನು ಅದು ಮುಚ್ಚಿರುತ್ತದೆ. ಚಳಿಗಾಲವಿಡೀ ಜೋಳದ ದಂಟಿಗೆ, ಜಾಲಿಯ ಟೊಂಗೆಗೆ ಮೈ ತಿಕ್ಕಿ ಆ ಅಂಚು ಸವೆದಂತೆ ಕರಿತಲೆಯೂ ಹೊಳೆವ ಹಳದಿ ಎದೆಯೂ ಹೊರಬರುತ್ತವೆ. ನಮ್ಮ ಅಂಗಿ ಸವೆದರೆ ಬಣ್ಣ ಹೋಗುತ್ತದೆ, ಇವಕ್ಕೆ ಸವೆದ ಮೇಲೆ ಬಣ್ಣ ಬರುತ್ತದೆ. ಗುಲಾಬಿ ಕಬ್ಬಕ್ಕಿಯದೂ ಇದೇ ರೀತಿ. ಕಾಳು ತಿನ್ನುತ್ತವೆಂದು ರೈತರು ಕವಣೆ ಬೀಸಿ ಓಡಿಸುತ್ತಾರೆ, ಅವರ ಸಂಕಟ ನನಗೆ ಅರ್ಥವಾಗುತ್ತದೆ.

ಬಣ್ಣ ಹೀಗೆ ಋತುವಿಗೆ, ಬೆಳಕಿಗೆ, ವಯಸ್ಸಿಗೆ ತಕ್ಕಂತೆ ಬದಲಾಗುತ್ತದೆ. ದನಿ ಹುಟ್ಟುವುದು ಹೇಗೆಂದು ನೋಡಿದರೆ ಅದು ಏಕೆ ಹೆಚ್ಚು ನಂಬಿಗಸ್ತ ಗುರುತು ಎನ್ನುವುದು ತಿಳಿಯುತ್ತದೆ. ನಮ್ಮ ಧ್ವನಿಪೆಟ್ಟಿಗೆ ಗಂಟಲಿನ ಮೇಲ್ಭಾಗದಲ್ಲಿದೆ. ಹಕ್ಕಿಯದು ಕೆಳಗೆ, ಎದೆಯೊಳಗೆ, ಶ್ವಾಸನಾಳ ಎರಡು ಕವಲಾಗುವ ಜಾಗದಲ್ಲಿ. ಅದರ ಹೆಸರು ಸಿರಿಂಕ್ಸ್. ಕವಲು ಎರಡಿರುವುದರಿಂದ ಹಾಡುಹಕ್ಕಿ ಎಡಗಡೆಯಿಂದ ಒಂದು ಸ್ವರ, ಬಲಗಡೆಯಿಂದ ಇನ್ನೊಂದು ಸ್ವರ ಹೊರಡಿಸಬಲ್ಲದು. ಒಂದೇ ಗಂಟಲಲ್ಲಿ ಜುಗಲ್‌ಬಂದಿ.

ಈ ವಾದ್ಯವನ್ನು ನುಡಿಸುವುದನ್ನು ಮರಿ ಕಲಿಯಬೇಕು. ಮೊದಲು ಕೇಳುತ್ತದೆ, ಆಮೇಲೆ ಗುನುಗುತ್ತದೆ, ತಪ್ಪುತ್ತದೆ, ತಿದ್ದಿಕೊಳ್ಳುತ್ತದೆ, ಕೊನೆಗೆ ಹಾಡು ಗಟ್ಟಿಯಾಗುತ್ತದೆ. 1950ರ ದಶಕದಲ್ಲಿ ಕೇಂಬ್ರಿಜ್‌ನ ವಿಲಿಯಂ ಥಾರ್ಪ್ ಚಾಫಿಂಚ್ ಎಂಬ ಹಕ್ಕಿಯ ಮರಿಗಳನ್ನು ದೊಡ್ಡವರ ಹಾಡು ಕಿವಿಗೆ ಬೀಳದಂತೆ ಬೆಳೆಸಿದರು. ದೊಡ್ಡವಾದ ಮೇಲೆ ಅವು ಹಾಡಿದವು, ಹಾಡಿನ ಉದ್ದವೂ ಹೆಚ್ಚುಕಡಿಮೆ ಸರಿಯಿತ್ತು; ಒಳಗಿನ ಕುಸುರಿ ಮಾತ್ರ ಇರಲಿಲ್ಲ. ಇದನ್ನು ಹೇಳಿದಾಗ ಗವಾಯಿಗಳು ಬಹಳ ಹೊತ್ತು ಸುಮ್ಮನಿದ್ದರು. “ಗುರು ಸಿಗಲಿಲ್ಲ ಅವಕ್ಕ,” ಅಂದರು.

ನವರಂಗ ಇದಕ್ಕೆ ಹೊರತು. ಹಿಮಾಲಯದ ತಪ್ಪಲು ಮತ್ತು ಮಧ್ಯಭಾರತದಲ್ಲಿ ಮರಿಮಾಡಿ, ಚಳಿಗಾಲಕ್ಕೆ ದಕ್ಷಿಣಕ್ಕೆ ಇಳಿಯುವ ಹಕ್ಕಿ ಅದು. ಹಸಿರು, ನೀಲಿ, ಕೆಂಪು, ಕೇಸರಿ, ಕಪ್ಪು, ಬಿಳಿ ಎಲ್ಲ ಒಂದೇ ಮೈಮೇಲೆ. ಅದರ ಎರಡು ಸ್ವರದ ಸಿಳ್ಳೆ ಕಲಿತದ್ದಲ್ಲ, ಹುಟ್ಟಿನಿಂದಲೇ ಬಂದದ್ದು. ಬೆಳಿಗ್ಗೆ ಸಂಜೆ ಹೊತ್ತುಗೊತ್ತಿಗೆ ಕೂಗುವುದರಿಂದ ತಮಿಳರು ಅದನ್ನು ಆರು ಗಂಟೆಯ ಹಕ್ಕಿ ಎನ್ನುತ್ತಾರೆ. ಬಾಲದಂಡೆ ಹಕ್ಕಿಗೆ ದೇವರು ಬೇರೆ ಲೆಕ್ಕ ಹಾಕಿದ್ದಾನೆ: ಮೈಗಿಂತ ಉದ್ದದ ಬಾಲ, ಗಂಡುಗಳಲ್ಲಿ ಕೆಂಗಂದಿನದೂ ಇದೆ, ಹಾಲುಬಿಳುಪಿನದೂ ಇದೆ. ಕೂಗು ಮಾತ್ರ ಬಟ್ಟೆ ಹರಿದಂತೆ. ಬೂದು ತಲೆ, ಕಿತ್ತಳೆ ಎದೆಯ ಚಿಕ್ಕ ಚಿತ್ರಪಕ್ಷಿಗಳು ಐದಾರರ ಗುಂಪಿನಲ್ಲಿ “ಸ್ವೀ ಸ್ವೀ” ಎನ್ನುತ್ತ ಗಿಡದಿಂದ ಗಿಡಕ್ಕೆ ಸಾಗುತ್ತವೆ. ದನಿ ಎಷ್ಟು ತೆಳುವೆಂದರೆ ಗಾಳಿ ಎದ್ದರೆ ಮುಗಿಯಿತು.

ಗಾಳಿಯ ಮಾತು ಇಲ್ಲಿ ದೊಡ್ಡದು. ಕಪ್ಪತಗುಡ್ಡದ ಸುತ್ತ ಗಾಳಿಯಂತ್ರಗಳನ್ನು ನಿಲ್ಲಿಸಿದ್ದು ಸುಮ್ಮನೆ ಅಲ್ಲ. ಬಿಸಿಲೇರಿದಂತೆ ಹುಲ್ಲು, ಎಲೆ ಎಲ್ಲ ಸದ್ದು ಮಾಡತೊಡಗುತ್ತವೆ, ಆಗ ಕಿವಿಗೆ ಕೆಲಸವಿಲ್ಲ. ಹಾಡು ಕಲಿಯುವವರು ಮೂಡಣ ಕೆಂಪಾಗುವ ಮೊದಲೇ ಅಲ್ಲಿರಬೇಕು. ಒಂದು ಮುಂಜಾನೆಗೆ ಒಂದೇ ಹಕ್ಕಿ ಸಾಕು. ಅದು ಎಷ್ಟು ಸ್ವರ ಹಾಡಿತು, ಕೊನೆಯ ಸ್ವರ ಏರಿತೋ ಇಳಿಯಿತೋ, ನಡುವೆ ಎಷ್ಟು ಹೊತ್ತು ಬಿಟ್ಟಿತು ಎಂದು ನಿಮ್ಮದೇ ಅಕ್ಷರದಲ್ಲಿ ಬರೆದುಕೊಳ್ಳಿ. ಮೊಬೈಲಿನಲ್ಲಿ ದನಿ ಕೇಳಿಸಿದರೆ ಹೆಸರು ಹೇಳುವ ಮರ್ಲಿನ್‌ನಂಥ ಆ್ಯಪ್‌ಗಳು ಬಂದಿವೆ. ದನಿಯನ್ನು ಅವು ಚಿತ್ರವಾಗಿ ತೋರಿಸುತ್ತವೆ, ಏರಿಳಿತ ಕಣ್ಣಿಗೆ ಕಾಣುತ್ತದೆ. ಕಲಿಯಲು ಒಳ್ಳೆಯ ಜೊತೆ. ಆದರೆ ಅದೇ ಮೊಬೈಲಿನಲ್ಲಿ ಹಾಡು ಹಚ್ಚಿ ಹಕ್ಕಿಯನ್ನು ಕರೆಯುವುದು ಬೇಡ. ತನ್ನ ಜಾಗಕ್ಕೆ ವೈರಿ ಬಂದನೆಂದು ಗಂಡುಹಕ್ಕಿ ಗೂಡು ಬಿಟ್ಟು ಓಡಿ ಬರುತ್ತದೆ. ಅದು ಮೋಸ, ನಾನು ಒಪ್ಪುವುದಿಲ್ಲ.

ಚಳಿಗಾಲದಲ್ಲಿ ಪಟ್ಟೆತಲೆಯ ಹೆಬ್ಬಾತು ನೋಡಲು ಶಿರಹಟ್ಟಿ ತಾಲ್ಲೂಕಿನ ಮಾಗಡಿ ಕೆರೆಗೆ ಜನ ಸಾಲುಗಟ್ಟಿ ಬರುತ್ತಾರೆ. ಆ ಕೆರೆ 2024ರಲ್ಲಿ ರಾಮ್ಸಾರ್ ಪಟ್ಟಿಗೂ ಸೇರಿತು, ಸಂತೋಷ. ಗುಡ್ಡದ ಸಣ್ಣ ಹಕ್ಕಿಗಳಿಗೆ ಅಷ್ಟು ಜನ ಬರುವುದಿಲ್ಲ. ಕಪ್ಪತಗುಡ್ಡದ 244 ಚದರ ಕಿಲೋಮೀಟರು 2019ರಲ್ಲಿ ವನ್ಯಜೀವಿಧಾಮವಾಯಿತು. ಗಣಿಯಿಂದ ಗುಡ್ಡ ಉಳಿಸಬೇಕೆಂದು ಬೀದಿಗಿಳಿದವರ ಶ್ರಮ ಅದರ ಹಿಂದಿದೆ. ಆದರೂ ಬೇಸಿಗೆಯಲ್ಲಿ ಹುಲ್ಲಿಗೆ ಬೆಂಕಿ ಬೀಳುವುದು ನಿಂತಿಲ್ಲ. ಬೆಂಕಿ ಹಾದುಹೋದ ಇಳಿಜಾರಿನಲ್ಲಿ ಮರುದಿನ ನಿಂತು ಕಿವಿಗೊಟ್ಟಿದ್ದೇನೆ. ಒಂದು ದನಿಯೂ ಇರಲಿಲ್ಲ.

ಅವತ್ತು ಇಳಿದು ಬರುವಾಗ ಕುರಿ ಮೇಯಿಸುತ್ತಿದ್ದ ಯಜ್ಜನೊಬ್ಬ ಸಿಕ್ಕ. ಬೇವಿನ ಗಿಡದಲ್ಲಿ ಗುಬ್ಬಿಗಿಂತ ಚಿಕ್ಕ ಹಳದಿ ಹಕ್ಕಿಯೊಂದು ಎಲೆ ತಿರುವಿ ಹುಳ ಹುಡುಕುತ್ತಿತ್ತು. ರೆಕ್ಕೆಯಲ್ಲಿ ಎರಡು ಬಿಳಿ ಪಟ್ಟಿ. ಇದಕ್ಕೆ ನಿಮ್ಮಲ್ಲಿ ಏನಂತಾರೆ ಯಜ್ಜಾ ಎಂದು ಕೇಳಿದೆ.

“ಹೆಸರು ಗೊತ್ತಿಲ್ರೀ ಸರ. ಮಳಿ ಬರೂ ಮುಂದ ಉದ್ದಕ ಸೀಟಿ ಹೊಡೀತೈತಿ ನೋಡ್ರಿ, ಅದಽ ಇದು.”

ಪುಸ್ತಕದಲ್ಲಿ ಅದರ ಹೆಸರು ಮಧುರಕಂಠ. ಯಜ್ಜ ಹೇಳಿದ್ದು ಅದಕ್ಕಿಂತ ಖಚಿತವಾದ ಗುರುತು. ಸುಮಾರು 14 ಗ್ರಾಂ ತೂಗುವ ಈ ಹಕ್ಕಿಯ ಗಂಡು ಮಳೆಗಾಲ ಹತ್ತಿರವಾದಂತೆ ನೆತ್ತಿಗೂ ರೆಕ್ಕೆಗೂ ಕಡುಗಪ್ಪು ತಂದುಕೊಳ್ಳುತ್ತದೆ. ಟೊಂಗೆಯ ತುದಿಯಿಂದ ನೆಟ್ಟಗೆ ಮೇಲಕ್ಕೆ ಜಿಗಿದು, ಸೊಂಟದ ಗರಿಗಳನ್ನೆಲ್ಲ ಉಬ್ಬಿಸಿ ಹತ್ತಿಯ ಉಂಡೆಯಂತಾಗಿ, ಸಿಳ್ಳೆ ಹಾಕುತ್ತ ಸುತ್ತಿ ಸುತ್ತಿ ಕೆಳಗಿಳಿಯುತ್ತದೆ. ನೋಡಿದ್ದನ್ನು ಗವಾಯಿಗಳಿಗೆ ವಿವರಿಸಿದೆ. ಅವರು ಕೈ ಎತ್ತಿ, ಗಾಳಿಯಲ್ಲಿ ಬೆರಳನ್ನು ಸುತ್ತಿಸುತ್ತ ಕೆಳಗೆ ತಂದರು.

“ಹಕ್ಕಿ ಇಳಿಯೂ ಮುಂದ ಸ್ವರಾನೂ ಇಳೀತೈತೇನ್ರಿ ಮಾಸ್ತರ?”

ನಾನು ನೂರು ಸಲ ನೋಡಿದ್ದೇನೆ, ಇದನ್ನು ಒಮ್ಮೆಯೂ ಗಮನಿಸಿಲ್ಲ. ಮೊದಲ ಮಳೆ ಬಿದ್ದ ವಾರ ಮತ್ತೆ ಡೋಣಿಗೆ ಬರುವುದೆಂದು ಮಾತಾಯಿತು. ನಾನು ಹಕ್ಕಿ ನೋಡಬೇಕು, ಅವರು ಸ್ವರ ಹಿಡಿಯಬೇಕು.