ಅಪೀಲು ಹಾಕಿದ್ರೆ ಸಾಲದು, ವಸೂಲಿಗೆ ತಡೆಯೂ ಬೇಕು!

ಬಂಡಳ್ಳಿ: ‘ಅಪೀಲು ಹಾಕಿದ್ದಾಯ್ತಲ್ಲ, ಇನ್ಯಾಕೆ ಹೆದರಿಕೆ?’ ತೆರಿಗೆ ದಂಡದ ಆದೇಶ ಕೈಗೆ ಬಂದ ವ್ಯಾಪಾರಿ ಇದೇ ಧೈರ್ಯದಲ್ಲಿ ಕೂತರೆ ಕೆಟ್ಟ! ವಸೂಲಿಗೆ ತಡೆ ಸಿಗದಿದ್ದರೆ ಬ್ಯಾಂಕಿಗೆ ಒಂದು ಪತ್ರ ಹೋದರೂ ಸಾಕು, ಮಾಲು ತರಲು ಇಟ್ಟ ದುಡ್ಡು ಖಾತೆಯಲ್ಲೇ ಸಿಕ್ಕಿಬೀಳುತ್ತದೆ. ಹನೂರು ತಾಲ್ಲೂಕಿನ ಬಂಡಳ್ಳಿಯಂಥ ಊರಿನ ಅಂಗಡಿಯವರೂ ತಿಳಿದಿರಬೇಕಾದ ಸಂಗತಿಯಿದು.

2025ರ ಜುಲೈನಲ್ಲಿ ವಾಣಿಜ್ಯ ತೆರಿಗೆ ಇಲಾಖೆ ಯುಪಿಐ ಲೆಕ್ಕ ಹಿಡಿದು ಸಣ್ಣ ವ್ಯಾಪಾರಿಗಳಿಗೆ ನೋಟೀಸು ಕಳಿಸಿತು. ಬೆಂಗಳೂರಿನ ಎಷ್ಟೋ ಅಂಗಡಿಗಳಲ್ಲಿ ‘ನಗದು ಮಾತ್ರ’ ಎಂಬ ಬೋರ್ಡು ಎದ್ದವು. ಆದರೆ ನೋಟೀಸು ಬೇರೆ, ಆದೇಶ ಬೇರೆ. ನೋಟೀಸಿಗೆ ಉತ್ತರ ಕೊಡಬೇಕು. ಆದೇಶಕ್ಕೆ ಮೇಲ್ಮನವಿ ಹಾಕಬೇಕು.

ಜಿಎಸ್‌ಟಿಯಲ್ಲಿ ಮೇಲ್ಮನವಿಗೆ ಮೂರು ತಿಂಗಳು ವಾಯಿದೆ. ತಕ್ಕ ಕಾರಣವಿದ್ದರೆ ಇನ್ನೊಂದು ತಿಂಗಳು, ಅಷ್ಟೇ. ತಕರಾರಿನ ತೆರಿಗೆಯಲ್ಲಿ ಶೇ. 10 ಮೊದಲೇ ಕಟ್ಟಬೇಕು. ಕಟ್ಟಿದರೆ ಉಳಿದ ವಸೂಲಿ ತಾನಾಗಿಯೇ ನಿಲ್ಲುತ್ತದೆ. ಲೆಕ್ಕಕ್ಕೆ ಹೇಳುವುದಾದರೆ ತೆರಿಗೆ 1 ಲಕ್ಷ, ದಂಡ 1 ಲಕ್ಷ ಎಂದು ಆದೇಶವಾದರೆ ಕಟ್ಟಬೇಕಾದ್ದು 10 ಸಾವಿರ. ತೆರಿಗೆಯಿಲ್ಲದ ಬರೀ ದಂಡದ ಆದೇಶವಾದರೆ ದಂಡದ ಶೇ. 10 ಕಟ್ಟಬೇಕೆಂದು 2025ರ ಹಣಕಾಸು ಕಾಯ್ದೆ ಹೇಳಿದೆ.

ಆದಾಯ ತೆರಿಗೆಯಲ್ಲಿ ಹಾಗಲ್ಲ. ಅಲ್ಲಿ ತಡೆಗೆ ಬೇರೆಯೇ ಅರ್ಜಿ ಕೊಡಬೇಕು. ಮೊದಲ ಅಪೀಲು ಮುಗಿಯುವವರೆಗೆ ತಡೆ ಕೊಡಲು ಸಾಮಾನ್ಯವಾಗಿ ಶೇ. 20 ಕಟ್ಟಿಸಿಕೊಳ್ಳಿ ಎಂದು 2017ರಲ್ಲಿ ನೇರ ತೆರಿಗೆ ಮಂಡಳಿ ಅಧಿಕಾರಿಗಳಿಗೆ ಸೂಚಿಸಿತು.

ಈ ತಡೆಯ ಹಕ್ಕಿಗೆ ಬುನಾದಿ ಹಾಕಿದ್ದು ಕಣ್ಣೂರಿನ ಒಂದು ಕೇಸು. ಕನ್ನಡಿಗರ ಕಾಸರಗೋಡು ಆಗ ಕಣ್ಣೂರು ಜಿಲ್ಲೆಗೇ ಸೇರಿತ್ತು. ಆದಾಯ ಮುಚ್ಚಿಟ್ಟರೆಂದು ತೆರಿಗೆದಾರರೊಬ್ಬರಿಗೆ ದಂಡ ಬಿತ್ತು. ಅಪೀಲು ವಿಚಾರಣೆಗೆ ಮುನ್ನ ವಸೂಲಿ ನಿಲ್ಲಿಸಿ ಎಂದು ಕೇಳಿದರೆ, ‘ನಮಗೆ ಆ ಅಧಿಕಾರವೇ ಇಲ್ಲ’ ಎಂದಿತು ನ್ಯಾಯಮಂಡಳಿ! ಕೇರಳ ಹೈಕೋರ್ಟು ‘ಇದೆ’ ಎಂದಿತು. 1968ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟು ಅದನ್ನೇ ಎತ್ತಿಹಿಡಿಯಿತು. ಅಪೀಲು ಕೇಳುವ ಅಧಿಕಾರ ಇದ್ದವರಿಗೆ, ಆ ಅಪೀಲು ವ್ಯರ್ಥವಾಗದಂತೆ ಕಾಯುವ ಅಧಿಕಾರವೂ ಇರುತ್ತದೆ ಎಂಬುದೇ ಅದರ ಸಾರ. ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿ ಏನು ಬಂತು? ಹಾಗಂತ ಕೇಳಿದವರಿಗೆಲ್ಲ ತಡೆ ಕೊಡುವಂತಿಲ್ಲ, ತಕ್ಕ ಕಾರಣ ಬೇಕು ಎಂದೂ ಕೋರ್ಟು ಎಚ್ಚರಿಸಿತು.

ಜಿಎಸ್‌ಟಿ 2017ರಲ್ಲೇ ಬಂದರೂ ಎರಡನೇ ಅಪೀಲು ಕೇಳುವ ನ್ಯಾಯಮಂಡಳಿಗೆ ಚಾಲನೆ ಸಿಕ್ಕಿದ್ದು 2025ರ ಸೆಪ್ಟೆಂಬರಿನಲ್ಲಿ. ಅಲ್ಲಿವರೆಗೆ ಎಷ್ಟೋ ಜನ ತಡೆಗಾಗಿ ಹೈಕೋರ್ಟಿಗೇ ಅಲೆದರು. ಈಗಲೂ ಹೈಕೋರ್ಟಿನ ಬಾಗಿಲು ಮುಚ್ಚಿಲ್ಲ. ಆದರೆ ಅಹವಾಲು ಕೇಳದೆ ಆದೇಶ ಮಾಡಿದಂಥ ಅನ್ಯಾಯ ತೋರಿಸದಿದ್ದರೆ ‘ಮೊದಲು ಅಪೀಲಿಗೆ ಹೋಗಿ’ ಎನ್ನುವುದೇ ಹೆಚ್ಚು.

ಆದ್ದರಿಂದ ಆದೇಶ ಬಂದ ದಿನವೇ ತಾರೀಖು ಬರೆದಿಟ್ಟುಕೊಂಡು ಆಡಿಟರನ್ನೋ ವಕೀಲರನ್ನೋ ಕಾಣುವುದು ಜಾಣತನ. ತೀರ್ಪು ನಿಧಾನವಾಗಿ ಬಂದೀತು. ವಸೂಲಿಯವರು ಅಲ್ಲಿವರೆಗೆ ಕಾಯಬೇಕಲ್ಲ!