ಅನ್ನದ ಮುಚ್ಚಳದ ಮೇಲಿನ ಮಾತು

ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ, ನಾಗಮಂಗಲಗಳ ಸೀಮೆಯಲ್ಲಿ ಮದುವೆಯ ಮನೆಗೆ ಹೋದವರು ಕಂಡಿರುವ ನೋಟವೊಂದುಂಟು. ಹೊಸ ದಂಪತಿಗಳು ಹೊಸ್ತಿಲ ಬಳಿಗೆ ಬಂದೊಡನೆ ನಾದಿನಿಯರು ಬಾಗಿಲಿಗೆ ಅಡ್ಡ ನಿಲ್ಲುವರು. "ಗಂಡನ ಹೆಸರು ಹೇಳಿ ಒಳಗೆ ಬಾ" ಎಂದು ಮದುಮಗಳನ್ನು ಕಾಡುವರು. ಮಿಕ್ಕ ದಿನಗಳಲ್ಲಿ ಬಾಯಿಗೆ ಬರಬಾರದೆಂದು ಹಿಂದಿನವರು ಕಟ್ಟು ಮಾಡಿದ್ದ ಆ ಹೆಸರನ್ನು ಅಂದು ಮಾತ್ರ ಪ್ರಾಸ ಕಟ್ಟಿ ಹೇಳಬೇಕು. ಉತ್ತರ ಕರ್ನಾಟಕದವರು ಇದನ್ನು ಒಡಪು ಎನ್ನುವರು. ಮದುಮಗಳು ನಾಚುತ್ತಾಳೆ, ನೆರೆದವರು ನಗುತ್ತಾರೆ. ಇದು ಬರಿಯ ವಿನೋದವೆಂದು ನಾವೂ ಬಹುಕಾಲ ಬಗೆದಿದ್ದೆವು. ಯೋಚಿಸಿ ನೋಡಿದರೆ, ಸಂಸಾರದ ಮೊದಲ ದಿನವೇ ಹೆಣ್ಣಿನ ನಾಲಗೆಗೆ ಸಿಗುವ ಸಲಿಗೆ ಅದು.

ಈ ಸಲಿಗೆಯನ್ನೇ ಕಾವ್ಯಕ್ಕೆ ತಂದವರು ನಮ್ಮ ಸೀಮೆಯ ಕೆ. ಎಸ್. ನರಸಿಂಹಸ್ವಾಮಿಯವರು. ಅವರು ಕೃಷ್ಣರಾಜಪೇಟೆ ತಾಲ್ಲೂಕಿನ ಕಿಕ್ಕೇರಿಯಲ್ಲಿ 1915ರಲ್ಲಿ ಜನಿಸಿದರು. 1942ರಲ್ಲಿ ಪ್ರಕಟವಾದ ಅವರ 'ಮೈಸೂರು ಮಲ್ಲಿಗೆ'ಯಲ್ಲಿ ಹೆಂಡತಿಯನ್ನು ಹಳಿದು ನಗಿಸುವ ಹಾಸ್ಯವಿಲ್ಲ. ಮಾವನ ಮನೆಗೆ ಧಾವಿಸಿದ ಅಳಿಯನ ಆತುರವೇ ಅಲ್ಲಿ ನಗೆಗೆ ಈಡಾಗುತ್ತದೆ.

ದೂರದ ಆಫ್ರಿಕಾ ಖಂಡದಲ್ಲಿಯೂ ಸತಿಪತಿಗಳ ನಡುವೆ ಇಂಥ ಸಲಿಗೆಯುಂಟು. ಅಂಗೋಲಾ ದೇಶಕ್ಕೆ ಸೇರಿದ ಕಬಿಂಡಾ ಪ್ರಾಂತದಲ್ಲಿ ವೋಯೊ ಎಂಬ ಜನಾಂಗವಿದೆ. ಅಲ್ಲಿ ಗಂಡಸರು ಗೆಳೆಯರೊಡನೆ ಕುಳಿತು ಉಣ್ಣುವ ರೂಢಿಯಿತ್ತು. ಗಂಡನ ನಡತೆಯಿಂದ ಮನನೊಂದ ಹೆಂಡತಿ ಜಗಳಕ್ಕೆ ನಿಲ್ಲುತ್ತಿರಲಿಲ್ಲ. ಗಾದೆಯನ್ನು ಸೂಚಿಸುವ ಚಿತ್ರಗಳನ್ನು ಕೆತ್ತಿದ ಮರದ ಮುಚ್ಚಳವನ್ನು ಅಡುಗೆಯ ಪಾತ್ರೆಯ ಮೇಲಿರಿಸಿ ಕಳುಹಿಸುತ್ತಿದ್ದಳು. ಗೆಳೆಯರು ಮುಚ್ಚಳವನ್ನು ನೋಡಿ ಅರ್ಥ ಬಿಡಿಸಿ, ಆತನಿಗೆ ಬುದ್ಧಿ ಹೇಳುವರು. ಅನ್ನವೂ ತಪ್ಪಲಿಲ್ಲ, ಮಾತೂ ಉಳಿಯಲಿಲ್ಲ! ಪೂರ್ವ ಆಫ್ರಿಕಾದ ಜಾಂಜಿಬಾರ್, ಮೊಂಬಾಸಾ ಮೊದಲಾದ ಕರಾವಳಿಯ ಊರುಗಳ ಹೆಣ್ಣುಮಕ್ಕಳು ಉಡುವ 'ಕಂಗಾ' ಬಟ್ಟೆಯ ಅಂಚಿನಲ್ಲಿ ಸ್ವಾಹಿಲಿ ಭಾಷೆಯ ನುಡಿಯೊಂದು ಅಚ್ಚಾಗಿರುತ್ತದೆ. ಬಾಯಿ ಬಿಟ್ಟು ಹೇಳಲಾಗದ್ದನ್ನು ಉಟ್ಟ ಬಟ್ಟೆಯೇ ಹೇಳುತ್ತದೆ.

ಇದನ್ನು ಓದಿದಾಗ ನಮಗೆ ನೆನಪಾದವಳು ಹನ್ನೆರಡನೆಯ ಶತಮಾನದ ಶರಣೆ ಆಯ್ದಕ್ಕಿ ಲಕ್ಕಮ್ಮ. ಕಲ್ಯಾಣದಲ್ಲಿ ಚೆಲ್ಲಿದ ಅಕ್ಕಿಯನ್ನು ಆಯ್ದು ತಂದು ದಾಸೋಹ ನಡೆಸುವುದು ಮಾರಯ್ಯನ ಕಾಯಕ. ಒಮ್ಮೆ ಆತನು ಎಂದಿಗಿಂತ ಹೆಚ್ಚು ಅಕ್ಕಿಯನ್ನು ತಂದನೆಂದೂ, ಇದು ನಮಗೆ ತಕ್ಕುದಲ್ಲ, ಮರಳಿ ಅಲ್ಲಿಯೇ ಸುರಿದು ಬನ್ನಿರೆಂದು ಆಕೆ ಹೇಳಿದಳೆಂದೂ ಕಥೆ. ಗಂಡನ ಹೆಸರನ್ನೆತ್ತಲು ಹೆಂಗಸರು ಅಂಜುವ ನಾಡಿನಲ್ಲಿ 'ಮಾರಯ್ಯಪ್ರಿಯ ಅಮರೇಶ್ವರಲಿಂಗ' ಎಂದು ತನ್ನ ಅಂಕಿತದಲ್ಲಿಯೇ ಪತಿಯ ಹೆಸರನ್ನು ಇರಿಸಿಕೊಂಡ ಧೀರೆ ಆಕೆ.

ಈ ಕಥೆಯನ್ನು ವೇದಿಕೆಯ ಮೇಲೆ ಎಷ್ಟೋ ಸಲ ಹೇಳಿದ ನಮಗೇ ಒಮ್ಮೆ ಅದರ ಬಿಸಿ ತಟ್ಟಿತು. 2023ರ ಶ್ರಾವಣ. ಮಳೆಯ ಕೊರತೆಯಿಂದ ಕನ್ನಂಬಾಡಿ ಕಟ್ಟೆ ತುಂಬದೆ, ಭತ್ತದ ರೈತರು ಆಕಾಶ ನೋಡುತ್ತಿದ್ದ ವರ್ಷ. ಪಾಂಡವಪುರ ತಾಲ್ಲೂಕಿನ ಒಂದು ಹಳ್ಳಿಯಲ್ಲಿ ಪ್ರವಚನ ಮುಗಿಸಿದೆವು. ಭಕ್ತರು ಪ್ರೀತಿಯಿಂದ ಎರಡು ಶಾಲು, ತೆಂಗಿನಕಾಯಿ, ಬೆಲ್ಲದ ಅಚ್ಚುಗಳು, ಅರ್ಧ ಮೂಟೆ ಅಕ್ಕಿ ಒಪ್ಪಿಸಿದರು. ಅವೆಲ್ಲವನ್ನೂ ಆಟೋದಲ್ಲಿ ಹೇರಿಕೊಂಡು ರಾತ್ರಿ ಮನೆ ಸೇರಿದೆವು. ನಮ್ಮ ಮನೆಯವರು ಬಾಗಿಲು ತೆರೆದು ಮೂಟೆಯನ್ನು ನೋಡಿದರು.

"ಇವತ್ತು ಯಾವ ಶರಣೆಯ ಕಥೆ ಹೇಳಿದಿರಿ?"

"ಆಯ್ದಕ್ಕಿ ಲಕ್ಕಮ್ಮನದು."

"ಹಾಗಾದರೆ ಈ ಅಕ್ಕಿ ಒಳಗಿಡಲೋ, ಬಾಗಿಲಲ್ಲೇ ಇರಲೋ?"

ಸೊಸೆ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ಒಳಗೋಡಿದಳು. ಮೊಮ್ಮಗ ಗಟ್ಟಿಯಾಗಿಯೇ ನಕ್ಕ. ನಮಗೋ ಸಿಟ್ಟು ನೆತ್ತಿಗೇರಿತು. ಮಠದಲ್ಲಿ ಹತ್ತಾರು ವರ್ಷ ಶಾಸ್ತ್ರವನ್ನೋದಿದ ನಮಗೆ ಇಂಥ ಮಾತೆ? ಮಾತಿಲ್ಲದೆ ಉಂಡು ಮಲಗಿದೆವು, ನಿದ್ರೆ ಬರಲಿಲ್ಲ. ಆ ಅಕ್ಕಿ ಯಾರ ಮನೆಯ ಕಣಜದ್ದು, ಬರುವ ಸುಗ್ಗಿಗೆ ಅವರಿಗೆ ಏನು ಉಳಿದೀತು ಎಂಬ ವಿಚಾರ ನಮಗೆ ಹೊಳೆದದ್ದು ಆಗಲೇ. ಬೆಳಗ್ಗೆ ಎದ್ದು ಅಕ್ಕಿ, ಬೆಲ್ಲಗಳನ್ನು ಅದೇ ಹಳ್ಳಿಯ ದಾಸೋಹಕ್ಕೆ ಮುಟ್ಟಿಸಿ ಬಂದೆವು. ಮನೆಯವರು ಏನನ್ನೂ ಕೇಳಲಿಲ್ಲ. ಬಿಸಿ ರಾಗಿಮುದ್ದೆಯ ಜೊತೆಗೆ ಒಂದು ಚಮಚ ತುಪ್ಪ ಹೆಚ್ಚು ಬಡಿಸಿದರು. ನಮ್ಮ ಮನೆಯ ಮುಚ್ಚಳದ ಭಾಷೆ ಅದು.

ಈಗ ಸಭೆಗಳಲ್ಲಿ, ಮೊಬೈಲುಗಳಲ್ಲಿ ಗಂಡ ಹೆಂಡಿರ ನಗೆಹನಿಗಳಿಗೆ ಕೊರತೆಯಿಲ್ಲ. ಅವುಗಳಲ್ಲಿ ಬಹುಪಾಲು ಹೆಂಡತಿಯನ್ನು ಬಾಯಿಬಡುಕಿಯೆಂದೋ ಖರ್ಚುಗಾರ್ತಿಯೆಂದೋ ಜರೆಯುವಂಥವು. ಬೇರೆಯವರ ಮುಂದೆ ಸತಿಯನ್ನು ಕುಗ್ಗಿಸಿ ನಗಿಸುವುದು ಸುಲಭ. ಸತಿಯ ನಗೆಮಾತಿನಲ್ಲಿ ತನ್ನ ತಪ್ಪನ್ನು ಕಾಣುವುದು ಕಷ್ಟ. ಸತಿಪತಿಗಳೊಂದಾಗದ ಭಕ್ತಿ ಸಲ್ಲದೆಂದು ಶರಣರು ಬಗೆದರು. ಒಂದಾಗುವುದೆಂದರೆ ಒಬ್ಬರು ಆಡುವುದು, ಇನ್ನೊಬ್ಬರು ತಲೆದೂಗುವುದು ಎಂದರ್ಥವೆ? ಹೆಂಡತಿ ನಿರ್ಭಯವಾಗಿ ಗಂಡನನ್ನು ಹಾಸ್ಯ ಮಾಡಬಲ್ಲ ಮನೆಯಲ್ಲಿ ಕೊರಗು ಹುಣ್ಣಾಗುವುದಿಲ್ಲ. ಆಕೆಯ ನಗೆಮಾತು ನಿಂತಿದ್ದರೆ, ಮನೆ ಶಾಂತವಾಗಿದೆಯೆಂದು ಯಜಮಾನರು ಹಿಗ್ಗಬಾರದು. ಏನು ನೊಂದಿದೆಯೆಂದು ಕೇಳಬೇಕು.

ಮುಂದಿನ ಮದುವೆಯಲ್ಲಿ ನಾದಿನಿಯರು ಬಾಗಿಲಿಗೆ ಅಡ್ಡ ನಿಂತಾಗ ಹಿರಿಯರು ಹೊತ್ತಾಯಿತೆಂದು ಅವಸರಿಸದಿರಲಿ. ಹೊಸ ಸೊಸೆ ನಗುತ್ತಾ, ತನ್ನ ಮಾತನ್ನಾಡಿಯೇ ಒಳಗೆ ಬರಲಿ.